ಏಳು ವರ್ಷಕ್ಕೊಮ್ಮೆ ಬಂದ ಕ್ಯಾಮೆರಾ

1964ನೇ ಇಸವಿಯ ಒಂದು ದಿನ. ಲಂಡನ್ನಿನ ಮೃಗಾಲಯಕ್ಕೆ ಮಕ್ಕಳ ಗುಂಪೊಂದು ಬಂದಿತ್ತು. ಎಲ್ಲರಿಗೂ ಏಳರ ಪ್ರಾಯ. ಕೆಲವರು ದುಬಾರಿ ಖಾಸಗಿ ಶಾಲೆಗೆ ಹೋಗುವವರು. ಕೆಲವರು ಲಂಡನ್ನಿನ ಪೂರ್ವಭಾಗದ ದುಡಿಮೆಗಾರರ ಕೇರಿಗಳಿಂದ ಬಂದವರು. ಇಬ್ಬರು ದತ್ತಿ ಸಂಸ್ಥೆಯೊಂದರ ಮಕ್ಕಳ ನಿಲಯದಲ್ಲಿ ಬೆಳೆಯುತ್ತಿದ್ದವರು. ಒಬ್ಬ ಯಾರ್ಕ್‌ಷೈರ್ ಕಣಿವೆಯ ರೈತನ ಮಗ. ಮೃಗಾಲಯ ನೋಡಿಯಾದ ಮೇಲೆ ಅವರಿಗೆಲ್ಲ ಒಂದು ಪಾರ್ಟಿ, ಆಮೇಲೆ ಮನಸ್ಸು ಬಂದಂತೆ ಹತ್ತಿ ಇಳಿಯಲು ಒಂದು ಆಟದ ಮೈದಾನ. ಮಕ್ಕಳು ಪ್ರಾಣಿಗಳನ್ನು ನೋಡುತ್ತಿದ್ದರು. ಕ್ಯಾಮೆರಾ ಮಕ್ಕಳನ್ನು ನೋಡುತ್ತಿತ್ತು.

ತಮ್ಮನ್ನು ಯಾಕೆ ಒಟ್ಟುಗೂಡಿಸಿದ್ದಾರೆ ಎಂಬುದು ಆ ಮಕ್ಕಳಿಗೆ ತಿಳಿದಿರಲಿಲ್ಲ. ತಿಳಿದದ್ದು ಗ್ರಾನಡಾ ಟೆಲಿವಿಷನ್ ಕಂಪೆನಿಯ ಹಿರಿಯರಿಗೆ. ಆ ಕಂಪೆನಿಯ ‘ವರ್ಲ್ಡ್ ಇನ್ ಆ್ಯಕ್ಷನ್’ ಎಂಬ ಸಮಕಾಲೀನ ವಿದ್ಯಮಾನಗಳ ಸರಣಿಗೆ ಆಗ ಸಂಪಾದಕನಾಗಿದ್ದವನು ಟಿಮ್ ಹೀವಟ್ ಎಂಬ ಆಸ್ಟ್ರೇಲಿಯಾದವನು. ಹೊರಗಿನಿಂದ ಬಂದವನಾದ್ದರಿಂದಲೋ ಏನೋ, ಇಂಗ್ಲೆಂಡಿನ ಮೇಲುವರ್ಗ-ಕೆಳವರ್ಗದ ಗೋಡೆ ಅವನ ಕಣ್ಣಿಗೆ ಢಾಳಾಗಿ ಕಂಡಿತ್ತು. 2000ನೇ ಇಸವಿಯಲ್ಲಿ ಬ್ರಿಟನ್ನಿನ ಕಾರ್ಖಾನೆಗಳಲ್ಲಿ ಕಾರ್ಮಿಕ ಮುಖಂಡನಾಗುವವನು ಯಾರು, ಕಂಪೆನಿಯ ಅಧಿಕಾರಿಯಾಗುವವನು ಯಾರು ಎಂಬುದನ್ನು ಇಂದೇ ಈ ಏಳು ವರ್ಷದವರ ಮುಖದಲ್ಲಿ ತೋರಿಸಿಬಿಡುತ್ತೇವೆ ಎಂಬುದು ಕಾರ್ಯಕ್ರಮದ ಉಮೇದು. ಮಗುವನ್ನು ಏಳು ವರ್ಷದವರೆಗೆ ನಮಗೆ ಕೊಡಿ, ಮುಂದಿನ ಮನುಷ್ಯನನ್ನು ನಿಮಗೆ ಕೊಡುತ್ತೇವೆ ಎಂಬರ್ಥದ ಹಳೆಯ ಜೆಸ್ಯೂಟ್ ಮಾತೊಂದನ್ನು ಅದಕ್ಕೆ ಸೂತ್ರವಾಗಿ ಇಟ್ಟುಕೊಂಡರು. ನಮ್ಮ ಕಡೆ ಇದನ್ನೇ ‘ಬೆಳೆಯುವ ಸಿರಿ ಮೊಳಕೆಯಲ್ಲಿ’ ಎನ್ನುತ್ತೇವೆ. ಮಗ ಗಣಿತದಲ್ಲಿ ನೂರಕ್ಕೆ ನೂರು ತೆಗೆದರೂ ಹೇಳುತ್ತೇವೆ, ಮೂವತ್ತು ತೆಗೆದರೂ ಬೇರೆ ದನಿಯಲ್ಲಿ ಹೇಳುತ್ತೇವೆ.

ಕಾರ್ಯಕ್ರಮದ ಹೆಸರು ‘ಸೆವೆನ್ ಅಪ್’. (ತಂಪು ಪಾನೀಯಕ್ಕೂ ಇದಕ್ಕೂ ಸಂಬಂಧವಿಲ್ಲ!) 1964ರ ಮೇ 5ರಂದು ಕಪ್ಪು-ಬಿಳುಪಿನಲ್ಲಿ ಪ್ರಸಾರವಾದ ಇದು ಒಂದೇ ಒಂದು ಕಂತಿನ ಕಾರ್ಯಕ್ರಮವೆಂದೇ ತಯಾರಾದದ್ದು. ಮುಂದುವರಿಸುವ ಯೋಚನೆ ಯಾರಿಗೂ ಇರಲಿಲ್ಲ. ಆದರೆ ಅಂದು ಪರದೆಯ ಮೇಲೆ ಕಾಣಿಸಿಕೊಂಡವರಲ್ಲಿ 14 ಮಂದಿಯ ಬೆನ್ನು ಹತ್ತಿದ ಕ್ಯಾಮೆರಾ 2019ರವರೆಗೂ, ಅಂದರೆ 55 ವರ್ಷ, ಅವರನ್ನು ಬಿಡಲಿಲ್ಲ. ಏಳು ವರ್ಷಕ್ಕೊಮ್ಮೆ ಬಂದು ಬಾಗಿಲು ತಟ್ಟುತ್ತಲೇ ಇತ್ತು. ಇವತ್ತು ‘ರಿಯಾಲಿಟಿ ಷೋ’ ಎಂದೊಡನೆ ನಮಗೆ ನೆನಪಾಗುವುದು ಬೀಗ ಹಾಕಿದ ಮನೆ, ಕಿತ್ತಾಟ, ವಾರಾಂತ್ಯದಲ್ಲಿ ಒಬ್ಬರನ್ನು ಹೊರಗೆ ಕಳಿಸುವ ನಾಟಕ. ಸಾಮಾನ್ಯ ಜನ ತಾವು ತಾವಾಗಿಯೇ ಟಿ.ವಿ.ಯಲ್ಲಿ ಕಾಣಿಸಿಕೊಳ್ಳುವ ಪದ್ಧತಿಗೆ ಬ್ರಿಟನ್ನಿನಲ್ಲಿ ಆದಿ ಹುಡುಕಿಕೊಂಡು ಹೋದವರು ತಲುಪುವುದು ಮಾತ್ರ ಈ ಮಕ್ಕಳ ಬಳಿಗೆ.

ಮೊದಲ ಕಂತನ್ನು ನಿರ್ದೇಶಿಸಿದವರು ಕೆನಡಾದ ಪಾಲ್ ಆಲ್ಮಂಡ್. ಮಕ್ಕಳನ್ನು ಹುಡುಕಿಕೊಟ್ಟವರು ಇಬ್ಬರು ತರುಣರು. ಅವರಲ್ಲೊಬ್ಬ ಕೇಂಬ್ರಿಜ್ ಮುಗಿಸಿ ಗ್ರಾನಡಾಕ್ಕೆ ಸೇರಿದ್ದ ಮೈಕೇಲ್ ಆ್ಯಪ್ಟೆಡ್, ಆಗಿನ್ನೂ ಇಪ್ಪತ್ತಮೂರರ ಆಸುಪಾಸು. ಕೆಲವೇ ವಾರಗಳ ಗಡುವು. ಶಾಲೆಗಳಿಗೆ ಹೋಗುವುದು, ಚೆನ್ನಾಗಿ ಮಾತನಾಡುವ ಮಕ್ಕಳು ಯಾರಿದ್ದಾರೆಂದು ಕೇಳುವುದು, ಕರೆತರುವುದು. ಇಷ್ಟೇ ಆಯ್ಕೆಯ ವಿಧಾನ. ಸಮಾಜಶಾಸ್ತ್ರಜ್ಞರು ಕೇಳಿದರೆ ತಲೆ ಚಚ್ಚಿಕೊಂಡಾರು. 14 ಮಕ್ಕಳಲ್ಲಿ ಹುಡುಗಿಯರು ನಾಲ್ಕೇ ಮಂದಿ. ಬಿಳಿಯರಲ್ಲದ ತಂದೆಗೆ ಹುಟ್ಟಿದವನು ಒಬ್ಬನೇ ಒಬ್ಬ. 2000ನೇ ಇಸವಿಯ ಬ್ರಿಟನ್ನಿನಲ್ಲಿ ಹೆಂಗಸರಿಗೂ ದೊಡ್ಡ ಪಾತ್ರವಿರಬಹುದು ಎಂದು 1964ರಲ್ಲಿ ಹೊಳೆಯಲೇ ಇಲ್ಲ ಎಂದು ಆ್ಯಪ್ಟೆಡ್ ಆಮೇಲೆ ಹಲವು ಸಲ ಪಶ್ಚಾತ್ತಾಪಪಟ್ಟರು. 2000ದವರೆಗೆ ಕಾಯಬೇಕಾಗಿಯೂ ಬರಲಿಲ್ಲ. 1979ರಲ್ಲೇ ಆ ದೇಶಕ್ಕೆ ಮಹಿಳೆಯೊಬ್ಬಳು ಪ್ರಧಾನಿಯಾದಳು. ಭವಿಷ್ಯ ಹೇಳಲು ಹೊರಟವರು ಮೊದಲ ಹೆಜ್ಜೆಯಲ್ಲೇ ಎಡವಿದ್ದರು.

ಮಕ್ಕಳನ್ನು ಕಾರ್ಯಕ್ರಮ ಕರೆದದ್ದು ಬರೀ ಅವರವರ ಹೆಸರಿನಿಂದ. ಇಲ್ಲಿಯೂ ಹಾಗೆಯೇ ಕರೆಯೋಣ.

ಸೋಫಾದ ಮೇಲೆ ಮೂವರು

ಮೊದಲ ಕಂತನ್ನು ಒಮ್ಮೆ ನೋಡಿದವರು ಮರೆಯದ ದೃಶ್ಯವೊಂದಿದೆ. ಜಾನ್, ಆ್ಯಂಡ್ರೂ, ಚಾರ್ಲ್ಸ್ ಎಂಬ ಮೂವರು ಪುಟ್ಟ ಸಾಹೇಬರು ಒಟ್ಟಿಗೆ ಕುಳಿತು ತಾವು ಓದುವ ಪತ್ರಿಕೆಗಳ ಹೆಸರು ಹೇಳುತ್ತಾರೆ. ಒಬ್ಬನ ಪ್ರಕಾರ ಅದು ಫೈನಾನ್ಷಿಯಲ್ ಟೈಮ್ಸ್! ಮುಂದೆ ಯಾವ ಶಾಲೆ, ಅದಾದ ಮೇಲೆ ಯಾವ ವಿಶ್ವವಿದ್ಯಾನಿಲಯ ಎಂಬುದೂ ಅವರಿಗೆ ಬಾಯಿಪಾಠ. ವೆಸ್ಟ್‌ಮಿನ್‌ಸ್ಟರ್, ಚಾರ್ಟರ್‌ಹೌಸ್, ಮಾರ್ಲ್‌ಬರೋ. ಅಲ್ಲಿಂದ ಕೇಂಬ್ರಿಜ್ ಅಥವಾ ಆಕ್ಸ್‌ಫರ್ಡ್. ಇವು ಅಲ್ಲಿನ ‘ಪಬ್ಲಿಕ್ ಸ್ಕೂಲು’ಗಳು. ಹೆಸರು ಕೇಳಿ ಸರ್ಕಾರಿ ಶಾಲೆ ಎಂದುಕೊಳ್ಳಬೇಡಿ. ಹೊರೆ ಹೊರೆ ಶುಲ್ಕ ತೆರುವ ಶ್ರೀಮಂತರ ವಸತಿ ಶಾಲೆಗಳಿಗೆ ಇಂಗ್ಲೆಂಡಿನಲ್ಲಿ ಇರುವ ಹೆಸರೇ ಅದು.

ಇದರ ಪಕ್ಕಕ್ಕೆ ಇನ್ನೊಂದು ದೃಶ್ಯ. ಮಕ್ಕಳ ನಿಲಯದ ಪಾಲ್ ಎಂಬ ಸಣ್ಣ ಮುಖದ ಹುಡುಗನನ್ನು, ನೀನು ವಿಶ್ವವಿದ್ಯಾನಿಲಯಕ್ಕೆ ಹೋಗುತ್ತೀಯಾ ಎಂದು ಕೇಳುತ್ತಾರೆ. ಅವನು ಕಣ್ಣರಳಿಸಿ ತಿರುಗಿ ಕೇಳುತ್ತಾನೆ, ವಿಶ್ವವಿದ್ಯಾನಿಲಯ ಎಂದರೇನು ಎಂದು.

ಒಂದೇ ದೇಶ, ಒಂದೇ ವಯಸ್ಸು. ಒಬ್ಬನಿಗೆ ಕಾಲೇಜಿನ ಹೆಸರೂ ಗೊತ್ತು, ಇನ್ನೊಬ್ಬನಿಗೆ ಆ ಶಬ್ದವೇ ಗೊತ್ತಿಲ್ಲ. ಕಾರ್ಯಕ್ರಮ ಮಾಡಿದವರಿಗೆ ಬೇಕಾದದ್ದು ಇದೇ. ನೋಡಿದವರಿಗೆ ಸಿಟ್ಟು ಬಂತು, ನಗು ಬಂತು, ಅಲ್ಲಲ್ಲಿ ಕಣ್ಣೂ ಒದ್ದೆಯಾಯಿತು. ಆದರೆ ಸೋಫಾದ ಮೇಲಿನ ಮೂವರನ್ನು ನೋಡಿ ದೇಶವೆಲ್ಲ ನಕ್ಕಾಗ ಆ ಮಕ್ಕಳು ಮಾಡಿದ್ದ ತಪ್ಪಾದರೂ ಏನು? ಮನೆಯಲ್ಲಿ ಕಿವಿಗೆ ಬಿದ್ದದ್ದನ್ನು ಒಪ್ಪಿಸಿದ್ದರು, ಅಷ್ಟೆ. ಹಿರಿಯರು ಒಪ್ಪಿದ್ದರಿಂದ ಅವರು ಅಲ್ಲಿ ಕುಳಿತಿದ್ದರು. ಏಳು ವರ್ಷದ ಮಗುವನ್ನು ‘ನಿನಗೆ ಒಪ್ಪಿಗೆಯೇ?’ ಎಂದು ಯಾರು ಕೇಳುತ್ತಾರೆ? ಕೇಳಿದ್ದರೂ ಅದಕ್ಕೆ ಏನು ಅರ್ಥವಾಗುತ್ತಿತ್ತು? ಅಂದು ಆಡಿದ ಮಾತನ್ನು ಹದಿನಾಲ್ಕಕ್ಕೆ, ಇಪ್ಪತ್ತೊಂದಕ್ಕೆ, ಕೊನೆಗೆ ಅರವತ್ತಮೂರಕ್ಕೂ ತಮ್ಮ ಮುಖಕ್ಕೇ ಹಿಡಿದು ತೋರಿಸುತ್ತಾರೆಂದು ಆ ಮಕ್ಕಳಿಗಿರಲಿ, ಒಪ್ಪಿಕೊಂಡ ತಂದೆ ತಾಯಿಗೂ ಗೊತ್ತಿರಲಿಲ್ಲ.

1970ರಲ್ಲಿ ಕ್ಯಾಮೆರಾ ಮತ್ತೆ ಬಂತು. ಈ ಸಲ ನಿರ್ದೇಶಕ ಸ್ವತಃ ಆ್ಯಪ್ಟೆಡ್. ಅಲ್ಲಿಂದ ಕೊನೆಯವರೆಗೂ ಅವರೇ. ಹದಿನಾಲ್ಕರ ಮಕ್ಕಳು ಹೇಗಿರುತ್ತಾರೆಂದು ಮನೆಯಲ್ಲಿ ಅಂಥವರನ್ನು ಇಟ್ಟುಕೊಂಡವರಿಗೆ ಹೇಳಬೇಕಾಗಿಲ್ಲ. ಏಳರಲ್ಲಿ ಪಟಪಟ ಮಾತನಾಡಿದ್ದವರು ಈಗ ಕೇಳಿದ ಪ್ರಶ್ನೆಗೆ ಒಂದು ಶಬ್ದದ ಉತ್ತರ. ಯಾರ್ಕ್‌ಷೈರಿನ ನಿಕ್ ಮಂಡಿಗಳ ನಡುವೆ ಮುಖ ಹುದುಗಿಸಿ ಕುಳಿತ. ಶ್ರೀಮಂತರ ಮನೆಯ ಹುಡುಗಿ ಸೂಜಿ, ಸ್ಕಾಟ್ಲೆಂಡಿನಲ್ಲಿ ತಂದೆಯ ಎಸ್ಟೇಟಿನ ಹುಲ್ಲಿನ ಮೇಲೆ ಕುಳಿತು ಒಲ್ಲದ ಮನಸ್ಸಿನಿಂದ ಉತ್ತರಿಸುತ್ತಿದ್ದಾಗ ಹಿಂದೆ ಅವರ ನಾಯಿ ಮೊಲವೊಂದನ್ನು ಅಟ್ಟಿಸಿ ಹಿಡಿದು ಕೊಂದುಹಾಕಿತು. ಅದೂ ಚಿತ್ರೀಕರಣವಾಯಿತು. ಇಪ್ಪತ್ತೊಂದಕ್ಕೆ ಅದೇ ಹುಡುಗಿ ಸಿಗರೇಟಿನ ಮೇಲೆ ಸಿಗರೇಟು ಸೇದುತ್ತ, ಮದುವೆಯಲ್ಲಿ ತನಗೆ ನಂಬಿಕೆಯೇ ಇಲ್ಲವೆಂದಳು. ನೋಡಿದವರೆಲ್ಲ, ಈಕೆಯ ಬಾಳು ಇಷ್ಟೇ ಎಂದುಕೊಂಡರು. ಇಪ್ಪತ್ತೆಂಟಕ್ಕೆ ಅವಳು ಗಂಡ, ಮಕ್ಕಳ ನಡುವೆ ನೆಮ್ಮದಿಯಾಗಿ ನಗುತ್ತಿದ್ದಳು.

ಜೈಲಿಗೆ ಹೋಗದ ಟೋನಿ

ಭವಿಷ್ಯ ಹೇಳುವ ಚಪಲ ಎಂಥ ಪೇಚಿಗೆ ಸಿಕ್ಕಿಸುತ್ತದೆ ಎಂಬುದಕ್ಕೆ ಟೋನಿಯ ಕಥೆ ಕೇಳಬೇಕು. ಲಂಡನ್ನಿನ ಪೂರ್ವಭಾಗದ ತುಂಟ ಹುಡುಗ. ಏಳರಲ್ಲಿ ಅವನದು ಒಂದೇ ಹಟ: ಕುದುರೆ ರೇಸಿನ ಜಾಕಿಯಾಗಬೇಕು. ಹದಿನಾಲ್ಕಕ್ಕೆ ಕುದುರೆ ಲಾಯದಲ್ಲಿ ಕೆಲಸಕ್ಕಿದ್ದ. ಆಮೇಲೆ ಮೂರು ರೇಸುಗಳಲ್ಲಿ ಸವಾರಿಯನ್ನೂ ಮಾಡಿದ. ಆ ಕಾಲದ ಮಹಾ ಜಾಕಿ ಲೆಸ್ಟರ್ ಪಿಗಟ್ ಜೊತೆಗೆ ಓಡಿದ್ದೇ ಅವನಿಗೆ ಜನ್ಮಸಾರ್ಥಕ. ಆದರೆ ಅಲ್ಲಿ ನಿಲ್ಲಲಾಗಲಿಲ್ಲ. ಇಪ್ಪತ್ತೊಂದಕ್ಕೆ ನಾಯಿ ರೇಸಿನ ಅಂಗಳದಲ್ಲಿ ಓಡಾಡಿಕೊಂಡು, ಲಂಡನ್ ಟ್ಯಾಕ್ಸಿ ಚಾಲಕರ ಕಠಿಣ ಪರೀಕ್ಷೆಗಾಗಿ ಬೀದಿ ಬೀದಿಯ ಹೆಸರನ್ನು ಉರುಹೊಡೆಯುತ್ತಿದ್ದ. ‘ದಿ ನಾಲೆಜ್’ ಎಂದೇ ಕರೆಯುವ ಆ ಪರೀಕ್ಷೆಯಲ್ಲಿ ಮಹಾನಗರದ ಸಾವಿರಾರು ಬೀದಿಗಳು ನಕ್ಷೆಯಿಲ್ಲದೆ ಬಾಯಲ್ಲಿರಬೇಕು. ನಮ್ಮ ಪಬ್ಲಿಕ್ ಪರೀಕ್ಷೆಗಿಂತ ಅದೇನೂ ಸುಲಭವಲ್ಲ.

ಆ್ಯಪ್ಟೆಡ್‌ಗೆ ಮಾತ್ರ ಬೇರೆಯೇ ಲೆಕ್ಕಾಚಾರ. ಈ ಹುಡುಗ ಇಂದಲ್ಲ ನಾಳೆ ಪೊಲೀಸರ ಕೈಗೆ ಸಿಗುವವನೇ ಎಂದು ಅವರು ತೀರ್ಮಾನಿಸಿಬಿಟ್ಟರು. ಮುಂದಿನ ಕಂತಿನ ಹೊತ್ತಿಗೆ ಟೋನಿ ಜೈಲಿನಲ್ಲಿರುತ್ತಾನೆ, ಆಗ ಬೇಕಾದೀತು ಎಂದು ಅವನನ್ನು ಪೂರ್ವ ಲಂಡನ್ನಿನ ಕುಪ್ರಸಿದ್ಧ ಜಾಗಗಳಲ್ಲೆಲ್ಲ ಓಡಾಡಿಸಿ ಚಿತ್ರೀಕರಿಸಿಟ್ಟುಕೊಂಡರು. ಆ ರೀಲುಗಳು ಉಪಯೋಗಕ್ಕೆ ಬರಲಿಲ್ಲ. ಟೋನಿ ಟ್ಯಾಕ್ಸಿ ಚಾಲಕನಾದ, ಹೆಂಡತಿಯೂ ಟ್ಯಾಕ್ಸಿ ಓಡಿಸಿದಳು, ಮಕ್ಕಳಾದರು, ಮೊಮ್ಮಕ್ಕಳಾದರು. ತಾನು ಹಾಗೆ ಎಣಿಸಿದ್ದು ದೊಡ್ಡ ತಪ್ಪೆಂದು ಆ್ಯಪ್ಟೆಡ್ ಸಾರ್ವಜನಿಕವಾಗಿಯೇ ಒಪ್ಪಿಕೊಂಡರು. ಒಪ್ಪಿಕೊಂಡದ್ದು ದೊಡ್ಡ ಗುಣವೇ. ಆದರೂ ಯೋಚಿಸಿ: ಹುಡುಗನ ಎದುರು ನಗುನಗುತ್ತ ಕುಳಿತ ಹಿರಿಯನೊಬ್ಬ ಅವನ ಜೈಲಿನ ದಿನಕ್ಕಾಗಿ ಸರಕು ಕೂಡಿಡುತ್ತಿದ್ದ. ಹಿಂದಿನ ಬೆಂಚಿನ ಹುಡುಗರನ್ನು ನೋಡುವ ಎಷ್ಟು ಕಣ್ಣುಗಳಲ್ಲಿ ಇಂಥದೇ ರೀಲು ಓಡುತ್ತಿರುತ್ತದೋ!

ಟೋನಿ ಹೇಳಿಕೊಂಡ ಒಂದು ಪ್ರಸಂಗವಿದೆ. ಒಮ್ಮೆ ಅವನ ಟ್ಯಾಕ್ಸಿಯಲ್ಲಿ ಕುಳಿತಿದ್ದವರು ಚಂದ್ರನ ಮೇಲೆ ನಡೆದ ಬಝ್ ಆಲ್ಡ್ರಿನ್. ಪಕ್ಕದಲ್ಲಿ ಇನ್ನೊಬ್ಬ ಟ್ಯಾಕ್ಸಿಯವನು ಗಾಡಿ ನಿಲ್ಲಿಸಿ ಹಸ್ತಾಕ್ಷರ ಕೇಳಿದ. ಆಲ್ಡ್ರಿನ್ ಕೈ ಮುಂದೆ ಮಾಡಿದರು. ಅವನಿಗೆ ಬೇಕಾಗಿದ್ದದ್ದು ಟೋನಿಯ ಹಸ್ತಾಕ್ಷರ!

ಮನೆಯ ಮಾತು ಬೀದಿಗೆ

ಮಕ್ಕಳ ಮಾತು ಹಾಗಿರಲಿ, ತಿಳಿದು ತಿಳಿದು ಒಪ್ಪಿಕೊಂಡ ದೊಡ್ಡವರ ಕಥೆಯೇನು? 1974ರಲ್ಲಿ ಬಿ.ಬಿ.ಸಿ. ಇದಕ್ಕೂ ಕೈ ಹಾಕಿತು. ನಿರ್ಮಾಪಕ ಪಾಲ್ ವಾಟ್ಸನ್. ರೆಡಿಂಗ್ ಪಟ್ಟಣದಲ್ಲಿ ತರಕಾರಿ ಅಂಗಡಿಯ ಮಹಡಿಯ ಮೇಲೆ ವಾಸವಾಗಿದ್ದ ವಿಲ್ಕಿನ್ಸ್ ಎಂಬ ಕುಟುಂಬವನ್ನು ಆರಿಸಿಕೊಂಡರು. ಮನೆಯ ಯಜಮಾನ ಬಸ್ ಚಾಲಕ. ತಿಂಗಳುಗಟ್ಟಲೆ ಆ ಇಕ್ಕಟ್ಟಿನ ಮನೆಯಲ್ಲಿ ಕ್ಯಾಮೆರಾದವರು ಬೀಡುಬಿಟ್ಟರು. ‘ದಿ ಫ್ಯಾಮಿಲಿ’ ಎಂಬ ಹೆಸರಿನಲ್ಲಿ 12 ಕಂತುಗಳು ಪ್ರಸಾರವಾದವು. ಅಮೆರಿಕದಲ್ಲಿ ಹಿಂದಿನ ವರ್ಷವಷ್ಟೇ ಒಂದು ಕುಟುಂಬದ ಮೇಲೆ ಇಂಥದೇ ಸರಣಿ ಬಂದಿತ್ತು. ಆದರೆ ಅದು ಉಳ್ಳವರ ಮನೆ, ಇದು ದುಡಿದು ತಿನ್ನುವವರ ಮನೆ.

ಇದರಲ್ಲಿ ಒಂದು ವಿಚಿತ್ರವಿತ್ತು. ಚಿತ್ರೀಕರಣ ಮುಗಿಯುವ ಮೊದಲೇ ಕಂತುಗಳ ಪ್ರಸಾರ ಶುರುವಾಯಿತು. ಹಾಗಾಗಿ ಮೊದಲ ಕಂತುಗಳನ್ನು ನೋಡಿ ಊರು ಏನೆಂದಿತು, ಪತ್ರಿಕೆಗಳು ಹೇಗೆ ಹರಿಹಾಯ್ದವು ಎಂಬುದಕ್ಕೆ ಆ ಮನೆಯವರು ಕಸಿವಿಸಿಪಟ್ಟದ್ದೂ ಮುಂದಿನ ಕಂತುಗಳ ವಸ್ತುವಾಯಿತು. ಟಿ.ವಿ. ಅವರನ್ನು ನೋಡಿತು, ಅವರು ತಮ್ಮನ್ನು ಟಿ.ವಿ.ಯಲ್ಲಿ ನೋಡಿಕೊಂಡರು, ಹಾಗೆ ನೋಡಿಕೊಳ್ಳುವುದನ್ನು ಟಿ.ವಿ. ಮತ್ತೆ ನೋಡಿತು! ಬೈಗುಳ, ಹಣದ ತಾಪತ್ರಯ, ಮುಚ್ಚಿಡಬೇಕಾದ ಸಂಗತಿಗಳು ಎಲ್ಲ ಹೊರಬಿದ್ದವು. ಟಿ.ವಿ.ಯ ನೈತಿಕತೆಯ ಕಾವಲಿಗೆ ನಿಂತಿದ್ದ ಮೇರಿ ವೈಟ್‌ಹೌಸ್ ಇದನ್ನು ಉಗ್ರವಾಗಿ ವಿರೋಧಿಸಿದರು. ಅದೇ ಮನೆಯ ಮಗಳ ಮದುವೆ ಚಿತ್ರೀಕರಣವಾದಾಗ ಚರ್ಚಿನ ಹೊರಗೆ ಜನಜಾತ್ರೆ. ಒಪ್ಪಿಗೆ ಕೊಟ್ಟವರು ದೊಡ್ಡವರೇ ಇರಬಹುದು. ಯಾವುದಕ್ಕೆ ಒಪ್ಪಿಗೆ ಕೊಟ್ಟೆವು ಎಂಬುದು ಅವರಿಗೂ ತಿಳಿದದ್ದು ಪ್ರಸಾರವಾದ ಮೇಲೆ.

ಮತ್ತೆ ಏಳರ ಮಕ್ಕಳತ್ತ ಬರೋಣ. ಅವರಲ್ಲಿ ಬ್ರಿಟನ್ ಅತಿಹೆಚ್ಚು ಚಿಂತಿಸಿದ್ದು ನೀಲ್‌ನ ಬಗ್ಗೆ.

ಲಿವರ್‌ಪೂಲಿನ ಹೊರವಲಯದ ಶಿಕ್ಷಕ ದಂಪತಿಯ ಮಗ ಈ ನೀಲ್. ಏಳರಲ್ಲಿ ಅವನನ್ನು ನೋಡಿದರೆ ಯಾರಿಗಾದರೂ ಎತ್ತಿ ಮುದ್ದಾಡಬೇಕೆನಿಸುತ್ತಿತ್ತು. ಹೊಳೆಯುವ ಕಣ್ಣು, ಕುಣಿಯುವ ನಡಿಗೆ. ಗಗನಯಾತ್ರಿಯಾಗುತ್ತೇನೆ, ಅದಾಗದಿದ್ದರೆ ಪ್ರವಾಸಿ ಬಸ್ಸಿನ ಚಾಲಕನಾಗುತ್ತೇನೆ ಎಂದಿದ್ದ. ಹದಿನಾಲ್ಕಕ್ಕೆ ಕಣ್ಣಿನ ಆ ಹೊಳಪು ಇರಲಿಲ್ಲ. ಆಕ್ಸ್‌ಫರ್ಡಿಗೆ ಪ್ರಯತ್ನಿಸಿ ಸಿಗದೆ ಆಬರ್ಡೀನ್ ವಿಶ್ವವಿದ್ಯಾನಿಲಯ ಸೇರಿ, ಒಂದೇ ಅವಧಿಗೆ ಅದನ್ನೂ ಬಿಟ್ಟ. ಇಪ್ಪತ್ತೊಂದಕ್ಕೆ ಲಂಡನ್ನಿನಲ್ಲಿ ಯಾರದೋ ಖಾಲಿ ಮನೆಯಲ್ಲಿ ಬಿಡಾರ, ಕಟ್ಟಡದ ಕೂಲಿ. 1984ರ ಕಂತಿನಲ್ಲಿ ಇಪ್ಪತ್ತೆಂಟರ ನೀಲ್ ಸ್ಕಾಟ್ಲೆಂಡಿನ ಪಶ್ಚಿಮ ತೀರದಲ್ಲಿ ಮನೆಯಿಲ್ಲದೆ ಅಲೆಯುತ್ತಿದ್ದ. ಮಾತನಾಡುವಾಗ ದೇಹ ಹಿಂದೆ ಮುಂದೆ ತೂಗುತ್ತಿತ್ತು. ಮನಸ್ಸಿನ ಕಾಯಿಲೆಯ ಬಗ್ಗೆ ತಾನೇ ಬಾಯಿಬಿಟ್ಟು ಹೇಳಿದ. ಮೂವತ್ತೈದಕ್ಕೆ ಇನ್ನೂ ಉತ್ತರಕ್ಕೆ, ಷೆಟ್ಲೆಂಡ್ ದ್ವೀಪದಲ್ಲಿ ಒಂಟಿ. ಮುಂದಿನ ಕಂತಿಗೆ ಇವನು ಬದುಕಿರುತ್ತಾನೋ ಇಲ್ಲವೋ ಎಂದು ನೋಡುಗರು ಮಾತನಾಡಿಕೊಂಡರು.

1998ರಲ್ಲಿ ‘42 ಅಪ್’ ಬಂತು. ನೀಲ್ ಲಂಡನ್ನಿನ ಹ್ಯಾಕ್ನಿಯಲ್ಲಿ ಲಿಬರಲ್ ಡೆಮಾಕ್ರಟ್ ಪಕ್ಷದ ಚುನಾಯಿತ ಕೌನ್ಸಿಲರ್!

ಇದು ಹೇಗಾಯಿತು? ನಡುವೆ ಬ್ರೂಸ್ ಎಂಬ ಇನ್ನೊಬ್ಬನ ಕೈವಾಡವಿದೆ. ಬ್ರೂಸ್ ಕೂಡ ಅದೇ 14 ಮಂದಿಯಲ್ಲೊಬ್ಬ. ಏಳರಲ್ಲಿ ವಸತಿ ಶಾಲೆಯಲ್ಲಿದ್ದ ಆ ಮಗುವಿನ ದೊಡ್ಡ ಆಸೆ, ಸಾವಿರಾರು ಮೈಲಿ ಆಚೆ ಆಫ್ರಿಕದಲ್ಲಿದ್ದ ಅಪ್ಪನನ್ನು ನೋಡುವುದು. ಆಕ್ಸ್‌ಫರ್ಡಿನಲ್ಲಿ ಗಣಿತ ಓದಿದ. ದೊಡ್ಡ ಸಂಬಳದ ಹಿಂದೆ ಹೋಗದೆ ಪೂರ್ವ ಲಂಡನ್ನಿನ ಬಡಮಕ್ಕಳ ಶಾಲೆಯಲ್ಲಿ ಲೆಕ್ಕ ಹೇಳಿಕೊಟ್ಟ. ಮೂವತ್ತೈದರ ಕಂತಿನಲ್ಲಿ ಬಾಂಗ್ಲಾದೇಶದ ಸಿಲ್ಹೆಟ್‌ನಲ್ಲಿ ಪಾಠ ಮಾಡುತ್ತಿದ್ದ. ನೀಲ್ ಲಂಡನ್ನಿಗೆ ಬಂದಾಗ ನೆಲೆ ಕಂಡುಕೊಳ್ಳುವವರೆಗೆ ತನ್ನ ಮನೆಯಲ್ಲಿ ಜಾಗ ಕೊಟ್ಟವನು ಇವನೇ. ಬ್ರೂಸನ ಮದುವೆಯಲ್ಲಿ ನೀಲ್ ಅತಿಥಿ. ವರ್ಗಗಳ ನಡುವಿನ ಗೋಡೆ ತೋರಿಸಲೆಂದು ಆರಿಸಿದ ಇಬ್ಬರು ಒಂದೇ ಸೂರಿನಡಿ ಚಹಾ ಕುಡಿದರು. ಕಾರ್ಯಕ್ರಮದಿಂದ ಮಕ್ಕಳಿಗಾದ ಲಾಭವೇನೆಂದು ಯಾರಾದರೂ ಕೇಳಿದರೆ ಹೇಳಬಹುದಾದ ಒಂದು ಖಚಿತ ಸಂಗತಿ ಇದು. ಆಮೇಲೆ ನೀಲ್ ಕಂಬ್ರಿಯಾದ ಹಳ್ಳಿಗಾಡಿಗೆ ಹೋಗಿ ಅಲ್ಲಿಯೂ ಕೌನ್ಸಿಲರ್ ಆದ. 2010ರಲ್ಲಿ ಸಂಸತ್ತಿನ ಚುನಾವಣೆಗೂ ನಿಂತ. ಗೆಲ್ಲಲಿಲ್ಲ.

ನೀಲ್‌ಗೆ ನೋಡುಗರಿಂದ ಓಲೆಗಳು ಬರುತ್ತಿದ್ದವು. ನಿಮ್ಮ ಮನಸ್ಸು ನನಗೆ ಚೆನ್ನಾಗಿ ಅರ್ಥವಾಗುತ್ತದೆ ಎಂದು ಬರೆಯುವವರೇ ಹೆಚ್ಚು. ಏಳು ವರ್ಷಕ್ಕೊಮ್ಮೆ ಕೆಲವು ನಿಮಿಷ ನೋಡಿದವರಿಗೆ ತನ್ನ ಮನಸ್ಸು ಹೇಗೆ ಗೊತ್ತಾದೀತು ಎಂಬುದು ಅವನ ಪ್ರಶ್ನೆ. ಸಿಡುಕಿನಿಂದಲ್ಲ, ಸಮಾಧಾನದಿಂದಲೇ ‘56 ಅಪ್’ನಲ್ಲಿ ಅವನು ಅದನ್ನು ಹೇಳಿದ.

ಇನ್ನು ಸಾಕು ಎಂದವರು

ಎಲ್ಲರೂ ಸಮಾಧಾನದಿಂದ ಹೇಳಲಿಲ್ಲ. ಸೋಫಾದ ಮೂವರಲ್ಲಿ ಚಾರ್ಲ್ಸ್ ಇಪ್ಪತ್ತೊಂದರ ನಂತರ ಬರಲೇ ಇಲ್ಲ. ತಮಾಷೆಯೆಂದರೆ ಅವನು ಆರಿಸಿಕೊಂಡದ್ದು ಸಾಕ್ಷ್ಯಚಿತ್ರ ಮಾಡುವ ವೃತ್ತಿ! ಕ್ಯಾಮೆರಾದ ಹಿಂದೆ ನಿಲ್ಲುವವನಿಗೆ ಅದರ ಮುಂದೆ ನಿಲ್ಲುವುದು ಬೇಡವಾಯಿತು. ಆ್ಯಪ್ಟೆಡ್‌ಗೆ ಇದು ಕೊನೆಯವರೆಗೂ ನುಂಗಲಾರದ ತುತ್ತು. ಆದರೆ ಬೇಡವೆನ್ನುವ ಹಕ್ಕು ಏಳರಲ್ಲಿ ಸಿಗದವನು ಇಪ್ಪತ್ತೆಂಟರಲ್ಲಿ ಅದನ್ನು ಬಳಸಿಕೊಂಡರೆ ಆಕ್ಷೇಪಿಸುವುದು ಹೇಗೆ?

ನೀಲ್‌ನ ಊರಿನವನೇ ಆದ ಪೀಟರ್ ಇಪ್ಪತ್ತೆಂಟಕ್ಕೆ ಶಾಲಾ ಶಿಕ್ಷಕ. ಥ್ಯಾಚರ್ ಸರ್ಕಾರವನ್ನು ಕಾರ್ಯಕ್ರಮದಲ್ಲಿ ಟೀಕಿಸಿದ. ಪುಕಾರು ಪತ್ರಿಕೆಗಳು ಅವನನ್ನು ಹುರಿದು ಮುಕ್ಕಿದವು. ಇಂಥವನು ಮಕ್ಕಳಿಗೆ ಪಾಠ ಹೇಳಬಹುದೇ ಎಂದವು. ಪೀಟರ್ ಕಾರ್ಯಕ್ರಮವನ್ನೂ ಬಿಟ್ಟ, ಮುಂದೆ ಶಿಕ್ಷಕ ವೃತ್ತಿಯನ್ನೂ ಬಿಟ್ಟ. 28 ವರ್ಷ ಅತ್ತ ಸುಳಿಯಲಿಲ್ಲ. 2012ರಲ್ಲಿ ಮರಳಿ ಬಂದಾಗ ನೇರವಾಗಿಯೇ ಹೇಳಿಕೊಂಡ: ನಮ್ಮದೊಂದು ಹಾಡಿನ ತಂಡವಿದೆ, ಅದು ನಾಲ್ಕು ಜನಕ್ಕೆ ತಿಳಿಯಲೆಂದು ಬಂದಿದ್ದೇನೆ. ಒಂದು ಕಾಲಕ್ಕೆ ಕ್ಯಾಮೆರಾ ಅವನನ್ನು ಬಳಸಿಕೊಂಡಿತ್ತು. ಈಗ ಅವನು ಕ್ಯಾಮೆರಾವನ್ನು ಬಳಸಿಕೊಂಡ.

ಜಾನ್‌ನ ದೂರು ಇನ್ನೂ ತೂಕದ್ದು. ಹುಟ್ಟುತ್ತಲೇ ಬೆಳ್ಳಿಚಮಚ ಕಚ್ಚಿಕೊಂಡು ಬಂದವನು, ಹಾಕಿಕೊಟ್ಟ ಹಾದಿಯಲ್ಲಿ ನಡೆದು ಬ್ಯಾರಿಸ್ಟರ್ ಆದವನು ಎಂದೇ ಜನ ಅವನನ್ನು ತಿಳಿದಿದ್ದರು. ಶ್ರೀಮಂತ ಹುಡುಗರ ಮಟ್ಟಿಗೆ ಕಾರ್ಯಕ್ರಮದ ಭವಿಷ್ಯ ಹೆಚ್ಚುಕಡಿಮೆ ನಿಜವೂ ಆಗಿತ್ತು. ಆ್ಯಂಡ್ರೂ ಕೂಡ ವಕೀಲನಾದ. ಆದರೆ ಜಾನ್‌ನ ತಂದೆ ಅವನ ಬಾಲ್ಯದಲ್ಲೇ ತೀರಿಕೊಂಡಿದ್ದರು. ಅವನನ್ನು ಆ ಶಾಲೆಯಲ್ಲಿ ಓದಿಸಲು ತಾಯಿ ಕೆಲಸಕ್ಕೆ ಹೋಗಬೇಕಾಯಿತು. ಆಕ್ಸ್‌ಫರ್ಡಿನಲ್ಲಿ ಓದಿದ್ದು ವಿದ್ಯಾರ್ಥಿವೇತನದ ಬಲದಿಂದ. ಇದ್ಯಾವುದೂ ಕಾರ್ಯಕ್ರಮದಲ್ಲಿ ಬರಲಿಲ್ಲ ಎಂದು ‘56 ಅಪ್’ನಲ್ಲಿ ಜಾನ್ ಹೇಳಿದಾಗ, ಹಳೆಯ ಕಂತುಗಳನ್ನು ನೋಡಿ ಅವನನ್ನು ಆಡಿಕೊಂಡಿದ್ದವರಿಗೆ ಮುಜುಗರವಾಗಿರಬೇಕು. ಚಿತ್ರದಲ್ಲಿ ಇದ್ದುದೆಲ್ಲ ಸತ್ಯವೇ. ಬಿಟ್ಟದ್ದನ್ನು ಸೇರಿಸಿದರೆ ಮಾತ್ರ ಮನುಷ್ಯ ಬೇರೆಯಾಗುತ್ತಾನೆ.

ಪೂರ್ವ ಲಂಡನ್ನಿನ ಒಂದೇ ಶಾಲೆಯಲ್ಲಿದ್ದ ಮೂವರು ಹುಡುಗಿಯರು ಜಾಕಿ, ಲಿನ್ ಮತ್ತು ಸೂ. ಆ್ಯಪ್ಟೆಡ್‌ರನ್ನು ಮುಖಾಮುಖಿ ತರಾಟೆಗೆ ತೆಗೆದುಕೊಂಡವಳು ಜಾಕಿ. ನೀವು ನಿಮಗೆ ಬೇಕಾದಂತೆ ಕತ್ತರಿಸಿ ಜೋಡಿಸುತ್ತೀರಿ, ನಮ್ಮ ಕೈಯಲ್ಲಿ ಏನೂ ಇಲ್ಲ ಎಂದು ‘49 ಅಪ್’ನಲ್ಲಿ ಕ್ಯಾಮೆರಾದ ಎದುರೇ ಹೇಳಿದಳು. ಗಂಡಸರನ್ನು ದೇಶದ ಬಗ್ಗೆ, ವೃತ್ತಿಯ ಬಗ್ಗೆ ಕೇಳುತ್ತೀರಿ. ನಮ್ಮನ್ನು ಗಂಡ-ಮದುವೆಯ ಬಗ್ಗೆ ಕೇಳುತ್ತೀರಿ ಎಂಬುದು ಅವಳ ಹಳೆಯ ಸಿಟ್ಟು. 2019ರ ‘63 ಅಪ್’ನಲ್ಲಿ ಅದನ್ನೂ ಆಡಿ ತೀರಿಸಿಕೊಂಡಳು. ಆ್ಯಪ್ಟೆಡ್ ಆ ಮಾತುಗಳನ್ನು ಕತ್ತರಿಸಿ ಎಸೆಯಲಿಲ್ಲ, ಹಾಗೆಯೇ ಪ್ರಸಾರ ಮಾಡಿದರು. ಅವರ ಬಗ್ಗೆ ಇರುವ ಗೌರವ ಅರ್ಧಪಾಲು ಇಂಥ ಕಡೆ ಹುಟ್ಟಿದ್ದು.

ಲಿನ್ ಓದಿನ ಹುಚ್ಚಿನ ಹೆಂಗಸು. ಬಡ ಬಡಾವಣೆಗಳ ಮಕ್ಕಳಿಗಾಗಿ ಸಂಚಾರಿ ಗ್ರಂಥಾಲಯದಲ್ಲಿ, ಆಮೇಲೆ ಮಕ್ಕಳ ಗ್ರಂಥಪಾಲಕಿಯಾಗಿ ಇಡೀ ಆಯುಷ್ಯ ಸವೆಸಿದಳು. 2013ರಲ್ಲಿ ತೀರಿಕೊಂಡಳು, 14 ಮಂದಿಯಲ್ಲಿ ಮೊದಲು ಹೋದವಳು ಅವಳು. ಸೂ ತಾನು ಎಂದೂ ವಿಶ್ವವಿದ್ಯಾನಿಲಯದಲ್ಲಿ ಓದಿದವಳಲ್ಲ. ಆದರೆ ಲಂಡನ್ ವಿಶ್ವವಿದ್ಯಾನಿಲಯದ ಕ್ವೀನ್ ಮೇರಿಯಲ್ಲಿ ಆಡಳಿತದ ಕೆಲಸಕ್ಕೆ ಸೇರಿ, ಕಾನೂನು ಸ್ನಾತಕೋತ್ತರ ವಿದ್ಯಾರ್ಥಿಗಳ ವ್ಯವಹಾರವನ್ನೆಲ್ಲ ನೋಡಿಕೊಳ್ಳುವ ಮಟ್ಟಕ್ಕೆ ಏರಿದಳು.

ಇನ್ನು ವಿಶ್ವವಿದ್ಯಾನಿಲಯ ಎಂದರೇನು ಎಂದು ಕೇಳಿದ್ದ ಪಾಲ್? ಅವನು ಹುಡುಗನಾಗಿದ್ದಾಗಲೇ ಆಸ್ಟ್ರೇಲಿಯಾ ಸೇರಿ, ಅಲ್ಲಿ ಇಟ್ಟಿಗೆ ಕೆಲಸದವನಾದ. ಅವನ ಮಗಳು ವಿಶ್ವವಿದ್ಯಾನಿಲಯದ ಮೆಟ್ಟಿಲು ಹತ್ತಿದಳು, ಆ ಮನೆತನದಲ್ಲಿ ಮೊದಲಿಗಳಾಗಿ. ಕ್ಯಾಮೆರಾದ ಎದುರು ಇದನ್ನು ಹೇಳುವಾಗ ಆ ಸಂಕೋಚದ ಮನುಷ್ಯನ ಮುಖ ನೋಡಬೇಕು.

ಅಮೆರಿಕದ ಹೆಸರಾಂತ ಚಲನಚಿತ್ರ ವಿಮರ್ಶಕ ರೋಜರ್ ಈಬರ್ಟ್ ಈ ಸರಣಿಯನ್ನು ತಮ್ಮ ಸಾರ್ವಕಾಲಿಕ ಹತ್ತು ಮೆಚ್ಚಿನ ಚಿತ್ರಗಳ ಪಟ್ಟಿಯಲ್ಲಿ ಸೇರಿಸಿದ್ದರು. ಆ್ಯಪ್ಟೆಡ್ ಹಾಲಿವುಡ್ಡಿಗೆ ಹೋಗಿ ದೊಡ್ಡ ನಿರ್ದೇಶಕರಾದರು; 1999ರಲ್ಲಿ ಜೇಮ್ಸ್ ಬಾಂಡ್ ಚಿತ್ರವನ್ನೂ ಮಾಡಿದರು. ಏಳು ವರ್ಷ ತುಂಬಿದೊಡನೆ ಎಲ್ಲ ಬಿಟ್ಟು ಇವರ ಬಳಿಗೆ ಓಡಿಬರುತ್ತಿದ್ದರು. 2021ರ ಜನವರಿಯಲ್ಲಿ ಅವರು ತೀರಿಕೊಂಡರು. ಆಗ ಅವರಿಗೆ ಎಪ್ಪತ್ತೊಂಬತ್ತು.

ಉಳಿದದ್ದು ನಿಕ್‌ನ ಕಥೆ. ಯಾರ್ಕ್‌ಷೈರಿನ ಆ ಹಳ್ಳಿಯಲ್ಲಿ ಅವನ ವಯಸ್ಸಿನ ಮಗು ಇನ್ನೊಂದಿರಲಿಲ್ಲ. ಒಂದೇ ಕೋಣೆಯ ಶಾಲೆ. ಚಂದ್ರನ ಬಗ್ಗೆ ಎಲ್ಲ ತಿಳಿದುಕೊಳ್ಳಬೇಕು ಎಂದಿದ್ದ. ಗೆಳತಿ ಇದ್ದಾಳೆಯೇ ಎಂದು ಕೇಳಿದಾಗ ಅಂಥ ಪ್ರಶ್ನೆಗೆಲ್ಲ ತಾನು ಉತ್ತರ ಕೊಡುವವನಲ್ಲ ಎಂದು ಏಳರಲ್ಲೇ ಖಡಾಖಂಡಿತ ಹೇಳಿದವನು. ಆಕ್ಸ್‌ಫರ್ಡಿನಲ್ಲಿ ಭೌತಶಾಸ್ತ್ರ ಓದಿದ, 1980ರ ದಶಕದ ಮೊದಲಲ್ಲಿ ಅಮೆರಿಕಕ್ಕೆ ಹೋಗಿ ವಿಸ್ಕಾನ್ಸಿನ್ ವಿಶ್ವವಿದ್ಯಾನಿಲಯದಲ್ಲಿ ಪ್ರಾಧ್ಯಾಪಕನಾದ. ಪ್ಲಾಸ್ಮಾ ಅವನ ವಿಷಯ. ಈ ಕಾರ್ಯಕ್ರಮಕ್ಕಿಂತ ವಿಜ್ಞಾನದಿಂದ ಹೆಸರು ಬರಬೇಕೆಂಬುದು ತನ್ನ ಆಸೆ, ಆದರೆ ಅದು ಈಡೇರುವ ಹಾಗೆ ಕಾಣುವುದಿಲ್ಲ ಎಂದು ಒಂದು ಕಂತಿನಲ್ಲಿ ನಕ್ಕಿದ್ದ.

‘63 ಅಪ್’ಗಾಗಿ ಆ್ಯಪ್ಟೆಡ್ ಹೋದಾಗ ನಿಕ್‌ಗೆ ಗಂಟಲಿನ ಕ್ಯಾನ್ಸರ್. ದನಿ ಕ್ಷೀಣಿಸಿತ್ತು. ಆದರೂ ಕುಳಿತ, ಕೇಳಿದ್ದಕ್ಕೆಲ್ಲ ಉತ್ತರ ಕೊಟ್ಟ, ಏಳರಲ್ಲಿ ಕೊಡದಿದ್ದ ಉತ್ತರಗಳನ್ನೂ. 2023ರ ಜುಲೈನಲ್ಲಿ ಅವನು ತೀರಿಕೊಂಡ. ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಆ ವಿಜ್ಞಾನಿಯ ನಿಧನವಾರ್ತೆಯನ್ನು ವಿಸ್ತಾರವಾಗಿ ಪ್ರಕಟಿಸಿತು. ತಲೆಬರಹದಲ್ಲಿದ್ದದ್ದು ಕಾರ್ಯಕ್ರಮದ ಹೆಸರು.